ಹಸುರು ದೀಪ ಆರಿಸು

ಗುತ್ತಿಗಾರು
12 ಡಿಸೆಂಬರ್ 2025, ಶುಕ್ರವಾರ

ಸೊಸೆ ಭವಿತಾಳಿಗೆ,

ನನ್ನನ್ನು ಬರೆಯಲು ಕೂರಿಸಿದ್ದಕ್ಕೆ ಮೊದಲು ನಿನಗೆ ಬೈಯಬೇಕು. ಐದನೇ ಕ್ಲಾಸಿಗೆ ಶಾಲೆ ಬಿಟ್ಟವನು ನಾನು. ಸಹಿ ಹಾಕುವುದು ಬಿಟ್ಟರೆ ಪೆನ್ನು ಮುಟ್ಟಿದವನಲ್ಲ. ಮೊನ್ನೆ ಪುನಃ ಫೋನು ಮಾಡಿ ದೀಪ ಆರಿಸು ಎಂದರೆ, ಫೋನಿನಲ್ಲಿ ಹೇಳಿದರೆ ಸಾಲದಂತೆ. "ಯಾವ ಸಾಲು ತಪ್ಪು ಅಂತ ನಿಮ್ಮ ಕೈಯಲ್ಲೇ ಬರೆದು ಕಳಿಸಿ ಮಾವ, ಇಲ್ಲದಿದ್ದರೆ ಅದನ್ನು ತೆಗೆಯಲಿಕ್ಕೆ ನನಗೂ ಅಧಿಕಾರ ಇಲ್ಲ" ಎಂದೆ. ನಿನ್ನನ್ನು ತೊಟ್ಟಿಲಲ್ಲಿ ತೂಗಿದ ಸೋದರಮಾವನ ಕೈಯಲ್ಲಿ ಅರ್ಜಿ ಬರೆಸುತ್ತಿದ್ದೀಯ. ಆಗಲಿ. ನಾಲ್ಕು ಹಾಳೆ ಹರಿದು ಇದು ಐದನೆಯದು.

ಸೇವಂತಿಗೆ ಆದದ್ದು ನಿನಗೆ ಗೊತ್ತು. ಆದರೆ ನಿಮ್ಮ ಆಫೀಸಿಗೆ ಬಂದದ್ದು ಎರಡು ಸಾಲು. ಪೂರ್ತಿ ಕೇಳು. ಕಳೆದ ಶನಿವಾರ ಬೆಳಗ್ಗೆ ಅವಳು ಎಂದಿನಂತೆ ರಬ್ಬರು ಟ್ಯಾಪಿಂಗಿಗೆ ಹೊರಟಳು. ದಾರಿ ಶುರುವಾಗುವಲ್ಲಿ ನೀವು ನೆಟ್ಟ ಕಂಬದಲ್ಲಿ, ನಿಮ್ಮ ಯಂತ್ರ ಲೆಕ್ಕ ಹಾಕಿ ಹೊತ್ತಿಸುವ ಹಸುರು ದೀಪ ಉರಿಯುತ್ತಿತ್ತು. ಕೆಂಪಾದರೆ ಆನೆ ಉಂಟು, ಹಸುರಾದರೆ ಇಲ್ಲ, ಹೋಗಬಹುದು ಎಂದು ನೀನೇ ಎಲ್ಲರನ್ನೂ ನಿಲ್ಲಿಸಿ ಹೇಳಿಕೊಟ್ಟದ್ದು. ಹೋದಳು. ಎರಡನೇ ತಿರುವಿನಲ್ಲಿ ಒಂಟಿ ಆನೆ ನಿಂತಿತ್ತು. ಹತ್ತು ಮಾರು ದೂರವೂ ಇರಲಿಲ್ಲ. ಬಾಲ್ದಿ ಬಿಸಾಡಿ ಗುಡ್ಡೆ ಕಡಿದು ಮಾಡಿದ ಕೆಳಗಿನ ತಟ್ಟಿಗೆ ಹಾರಿದಳು. ಬಲಗೈಯ ಮೂಳೆ ಮುರಿದಿದೆ. ಕತ್ತಿ ಹಿಡಿಯುವ ಕೈ ಅದು. ಆನೆ ಅವಳ ಹಿಂದೆ ಇಳಿಯಲಿಲ್ಲ, ಅಷ್ಟೆ.

ಭಾನುವಾರ ಸುಳ್ಯದ ಆಸ್ಪತ್ರೆಗೆ ಹೋಗಿ ಅವಳನ್ನು ನೋಡಿದೆ. ನನಗೆ ಮೈಯೆಲ್ಲ ಸಿಟ್ಟು. ಆ ದೀಪವನ್ನು ನಂಬಿ ತಲೆ ತಗ್ಗಿಸಿ ನಡೆಯಲು ನಿನಗೆ ಎಂತ ಹುಚ್ಚು, ಮೊದಲು ತಿರುವಿನಲ್ಲಿ ನಿಂತು ಕಿವಿಗೊಟ್ಟು ಹೋಗುತ್ತಿದ್ದವಳಲ್ಲವಾ ಎಂದು ಗದರಿದೆ. ಅವಳು ಮೆಲ್ಲ ಹೇಳಿದಳು: "ನಾನು ಮಿಷನು ನಂಬಿದ್ದಲ್ಲ ಮೇದಪ್ಪಣ್ಣ. ಆನೆಯ ದಾರಿ ಅದಕ್ಕೆ ನೀವು ಹೇಳಿಕೊಟ್ಟದ್ದು ಅಂತ ಭವಿತಕ್ಕ ಹೇಳಿದ್ರು. ಹಾಗಾಗಿ ನಂಬಿದ್ದು."

ಅಲ್ಲಿಂದ ಹೊರಗೆ ಬಂದು ನಿನಗೆ ಫೋನು ಮಾಡಿದ್ದು. ನಿನ್ನ ಯಂತ್ರ ದಂಡ, ಕಲಿತ ವಿದ್ಯೆ ದಂಡ ಎಂದೆಲ್ಲ ಕಿರುಚಿದೆನಲ್ಲ, ಆಗ ನೀನು ಸ್ವರ ಏರಿಸದೆ ಆ ಬೆಳಗ್ಗೆ ಅದು ಮಾಡಿದ ಲೆಕ್ಕವನ್ನು ಓದಿದೆ. ಮೊದಲನೆಯದು, ಒಂಟಿ ಆನೆ ಕಯಕ್ಕೆ, ಅಂದರೆ ಹೊಳೆಯ ಆಳದ ಗುಂಡಿಗೆ, ಇಳಿದು ನೀರು ಕುಡಿಯದೆ ರಬ್ಬರು ದಾರಿಗೆ ಹತ್ತುವುದಿಲ್ಲ. ಎರಡನೆಯದು, ಹೊಳೆಯ ಆ ಕಯದಲ್ಲಿರುವ ಕ್ಯಾಮರಾ ಹಿಂದಿನ ದಿನದಿಂದ ಆನೆಯನ್ನು ಕಂಡಿಲ್ಲ. ಆದ್ದರಿಂದ ದಾರಿಯಲ್ಲಿ ಆನೆ ಇಲ್ಲ, ದೀಪ ಹಸುರು. ಮೊದಲನೇ ಸಾಲಿನ ಎದುರು ನನ್ನ ಹೆಸರು ಉಂಟು ಎಂದೂ ಹೇಳಿದೆ. ನಾನು ಫೋನು ಇಟ್ಟುಬಿಟ್ಟೆ. ಸಿಗ್ನಲ್ ಹೋದದ್ದಲ್ಲ.

ಆಗಸ್ಟಿನಲ್ಲಿ ನೀನು ಪುಸ್ತಕ ಹಿಡಿದು ನಮ್ಮ ಜಗಲಿಯಲ್ಲಿ ಕೂತದ್ದು ನೆನಪುಂಟಾ? "ಮಾವ, ಈ ಮಿಷನಿಗೆ ಸ್ವಂತ ಬುದ್ಧಿ ಅಂತ ಇಲ್ಲ. ನೀವು ಕೊಟ್ಟ ಮಾತನ್ನು ನಂಬಿ ಅದರ ಕೊನೆವರೆಗೆ ಹೋಗುದು, ಅಷ್ಟೇ" ಎಂದಿದ್ದೆ. ಕಯದ ಸಾಲು ಬರೆದುಕೊಂಡ ಮೇಲೆ ಯಾವಾಗಲೂ ಹೀಗೆಯಾ ಎಂದು ನೀನು ಮೂರು ಸಲ ಕೇಳಿದೆ. ಮೂರನೇ ಸಲ ನಾನು ರೇಗಿದೆ. ಆನೆಯನ್ನು ಮೂವತ್ತು ವರ್ಷ ನೋಡಿದವನನ್ನು ಪರೀಕ್ಷೆ ಮಾಡುತ್ತೀಯಾ ಎಂದೆ. ಇತ್ತೀಚೆಗೆ ಬೇಲಿ, ಕಂದಕ ಹೊಸತು ಎಂತಾದರೂ ಆಗಿದೆಯಾ ಎಂದೂ ನೀನು ಕೇಳಿದೆ. ನಾನು ಇಲ್ಲ ಎಂದೆ. ಮನೆಯ ಹಿಂದಿನ ಗುಡ್ಡೆ ನೋಡಿ ಬರುತ್ತೇನೆ ಎಂದು ನೀನು ಹೊರಟಾಗ ಅಲ್ಲಿ ಜಿಗಣೆ ಕಾಟ ಎಂದು ತಡೆದೆ.

ಜಿಗಣೆ ಇತ್ತು. ಬೇಲಿಯೂ ಇತ್ತು.

ಹೋದ ಮಾರ್ಚಿನಲ್ಲಿ ಹಾಕಿಸಿದ ಸೋಲಾರ್ ಬೇಲಿ. ನನ್ನ ಗಡಿಕಲ್ಲಿನ ಒಳಗೆ ಹಾಕಿದ್ದರೆ ಮಾತಿರಲಿಲ್ಲ. ಇಪ್ಪತ್ತು ಮಾರು ಆಚೆ, ಕಾಡಿನ ಜಾಗಕ್ಕೆ ದಾಟಿಸಿ ಹಾಕಿದ್ದೇನೆ. ಒಳಗೆ ಕಾಳುಮೆಣಸು ಹಬ್ಬಿಸಿದ್ದೇನೆ. ಆನೆ ಕಯಕ್ಕೆ ಇಳಿಯುತ್ತಿದ್ದದ್ದು ಸರಿಯಾಗಿ ಆ ಜಾಗದಲ್ಲೇ. ಬೇಲಿ ಬಂದ ಮೇಲೆ ಅದು ಮೇಲಿನಿಂದ ಸುತ್ತಿ ನೇರ ರಬ್ಬರು ದಾರಿಗೆ ಇಳಿಯುತ್ತದೆ. ಕಯಕ್ಕೆ ಹೋಗುವುದೇ ಇಲ್ಲ. ನನಗೆ ಗೊತ್ತಿತ್ತು. ಮೂರು ಸಲ ಹೆಜ್ಜೆ ಕಂಡು ಹಾರೆಯಲ್ಲಿ ಕೆದಕಿ ಮುಚ್ಚಿದ್ದೇನೆ, ಆನೆ ದಾರಿ ಬದಲಿಸಿದ್ದು ಏಕೆ ಎಂದು ಫಾರೆಸ್ಟಿನವರು ಹುಡುಕಿಕೊಂಡು ಬರಬಾರದೆಂದು. ಅಕ್ಟೋಬರಿನಲ್ಲಿ ಸೇವಂತಿಯೇ ಬಂದು ಮೇಲಿನ ತಿರುವಿನಲ್ಲಿ ಲದ್ದಿ ಉಂಟು ಎಂದಿದ್ದಳು. ಅದು ಹಳತು, ಹೋಗು ಎಂದು ಕಳಿಸಿದೆ.

ಹಾಗಾಗಿ ನಿನ್ನ ಯಂತ್ರ ತಪ್ಪು ಮಾಡಿಲ್ಲ. ಅದಕ್ಕೆ ಸುಳ್ಳು ಕೊಟ್ಟವನು ನಾನು. ಆದರೆ ನಿನಗೂ ಒಂದು ಮಾತು ಉಂಟು. ದಿನಾ ಆ ದಾರಿ ನಡೆಯುವವಳನ್ನು ನೀನು ಒಂದು ಮಾತು ಕೇಳಲಿಲ್ಲ. ಮಾವ ಹೇಳಿದ ಮೇಲೆ ಮುಗಿಯಿತು ಎಂದು ಪುಸ್ತಕ ಮಡಚಿದೆ.

ಈಗ ನಿಮ್ಮವರು ಕ್ಯಾಮರಾದ ಮೇಲೆ ಗುಮಾನಿ ಪಟ್ಟು, ಗಾಜು ಒರೆಸಲಿಲ್ಲ ಎಂದು ಅದನ್ನು ನೋಡಿಕೊಳ್ಳುವ ಮಶೂದನನ್ನು ಕೆಲಸದಿಂದ ನಿಲ್ಲಿಸಿದ್ದಾರೆ. ಕಯದಲ್ಲಿ ಇನ್ನೆರಡು ಕ್ಯಾಮರಾ ಇಡುತ್ತಾರಂತೆ. ಇಪ್ಪತ್ತು ಇಟ್ಟರೂ ಆನೆ ಬಾರದ ಜಾಗದಲ್ಲಿ ಎಂತ ಕಾಣುವುದು? ಅದರ ಮೇಲೆ ಹತ್ತೊಂಬತ್ತನೇ ತಾರೀಕಿಗೆ ಶಾಲೆಯ ದಾರಿಗೂ ಇಂಥದ್ದೇ ದೀಪ, ಅದಕ್ಕೂ ಇದೇ ಲೆಕ್ಕ. ಆ ದಾರಿಯಲ್ಲಿ ಹೋಗುವವರು ಹದಿನಾಲ್ಕು ಮಕ್ಕಳು.

ಸೋಮವಾರದಿಂದ ಬೆಳಗ್ಗೆ ಐದಕ್ಕೇ ಹೋಗಿ ದೀಪದ ಕಂಬದ ಹತ್ತಿರ ನಾನು ನಿಲ್ಲುತ್ತಿದ್ದೇನೆ. ಟ್ಯಾಪಿಂಗಿನವರನ್ನು ತಡೆದು, ಮುಂದೆ ಹೋಗಿ ನೋಡಿ ಬಂದ ಮೇಲೆ ಬಿಡುತ್ತೇನೆ. ಏಕೆ ಎಂದು ಕೇಳಿದರೆ ಬಾಯಿಗೆ ಬಂದದ್ದು ಹೇಳುತ್ತೇನೆ. ಅವರಲ್ಲೊಬ್ಬ ತ್ಯಾಂಪಣ್ಣ ನಿನ್ನೆ ಎಲ್ಲರ ಎದುರು "ಮೇದಪ್ಪಣ್ಣ, ನಿಮಗೆ ಬ್ಯಾಟರಿ ಎಷ್ಟು ದಿನ ಬರ್ತದೆ ಮಾರಾಯ್ರೆ?" ಎಂದ. ನಕ್ಕರು. ಮಂಡಿನೋವಿನ ಕಾಲು ಇನ್ನೊಂದು ವಾರ ಬಂದರೆ ಹೆಚ್ಚು. ವಯರು ಕಿತ್ತುಹಾಕಬಹುದು, ನೀವು ಮರುದಿನ ಬಂದು ಸಿಕ್ಕಿಸುತ್ತೀರಿ.

ಬರೆದು ಕೊಡಬೇಕಿತ್ತಲ್ಲ, ಇಗೋ. ಆನೆ ಕಯಕ್ಕೆ ಇಳಿಯದೆ ದಾರಿಗೆ ಹತ್ತುವುದಿಲ್ಲ ಎಂದು ಮೇದಪ್ಪ ಹೇಳಿದ್ದು ಸುಳ್ಳು. ಗೊತ್ತಿದ್ದೇ ಹೇಳಿದ್ದು. ಅದನ್ನು ತೆಗೆಯಿರಿ. ಮಶೂದನದು ಏನೂ ತಪ್ಪಿಲ್ಲ. ಈ ಕಾಗದದ ಫೋಟೋ ತೆಗೆದು ನಿನಗೆ ಕಳಿಸುವವನು ಅವನೇ, ಓದಲಿ. ಬೇಲಿ ನಾಳೆ ಬಿಚ್ಚಿಸುತ್ತೇನೆ. ಬೇಲಿ ಹೋದ ಕೂಡಲೇ ಆನೆ ಹಳೆ ದಾರಿ ಹಿಡಿಯುತ್ತದೆ ಎಂದು ಬರೆದುಕೊಳ್ಳಬೇಡ. ಅದು ನನಗೆ ಗೊತ್ತಿಲ್ಲ. ಫಾರೆಸ್ಟಿನವರಿಗೂ ಇದನ್ನು ತೋರಿಸು. ಕೇಸು ಹಾಕಿದರೆ ಹಾಕಲಿ. ಸೇವಂತಿಗೆ ನಾನೇ ಹೋಗಿ ಹೇಳುತ್ತೇನೆ. ಅದನ್ನು ನೀನು ಫೋನಿನಲ್ಲಿ ಹೇಳಿ ಮುಗಿಸಬೇಡ.

ನಿನಗೆ ಒಳ್ಳೆಯದಾಗಲಿ. ನನ್ನಿಂದಾಗಿ ನಿನ್ನ ಕೆಲಸಕ್ಕೆ ಕಲ್ಲು ಬೀಳದಿರಲಿ.

ರಬ್ಬರು ದಾರಿ, ಶಾಲೆಯ ದಾರಿ ಎರಡರಲ್ಲೂ ಹಸುರು ದೀಪ ಉರಿಯುವುದಿಲ್ಲ ಎಂದು ಹದಿನೆಂಟನೇ ತಾರೀಕು ಗುರುವಾರ ಸಂಜೆಯೊಳಗೆ ನನಗೆ ಉತ್ತರ ಬರಬೇಕು. ಬರೆದೇ ಕಳಿಸು.

ನಿನ್ನ ಮಾವ,
ಮೇದಪ್ಪ