ಎರಡು ಬಟ್ಟಲು ನೀರು

ನಮ್ಮ ಮನೆ, ಮುಂದಿನ ಕೋಣೆ
ಗುರುವಾರ, ಬೆಳಗ್ಗೆ ಹನ್ನೊಂದು ಗಂಟೆ

ಪ್ರೀತಿಯ ಸೊಸೆಗೆ ಮಾವನ ಆಶೀರ್ವಾದಗಳು.

ನಿನ್ನ ಮಣಿಕಟ್ಟಿನ ನೋವು ಹೇಗಿದೆ? ಸ್ಪ್ಯಾನರ್ ಹಿಡಿದರೆ ಜುಮ್ಮೆನ್ನುತ್ತದೆ ಅಂದಿದ್ದೆ. ರಾತ್ರಿ ಮಲಗುವ ಮೊದಲು ಬಿಸಿನೀರಿನ ಶಾಖ ಕೊಟ್ಟುಕೋ. ಲಿಫ್ಟ್ ರಿಪೇರಿ ಕಲಿಯಲು ಬಂದವರಲ್ಲಿ ಹೆಣ್ಣು ನೀನೊಬ್ಬಳೇ ಅಂತ, ಉಳಿದವರ ಮುಂದೆ ಸೋಲಬಾರದು ಅಂತ ನೋವು ನುಂಗಿಕೊಂಡು ಕೂರಬೇಡ. ಹಟ ಒಳ್ಳೆಯದೇ, ಆದರೆ ಕೈ ಉಳಿದರೆ ತಾನೇ ಹಟ? ಹಾಸ್ಟೆಲಿನ ಊಟ ಸೇರದಿದ್ದರೂ ಮೂರು ಹೊತ್ತು ತಿನ್ನು. ಇಲ್ಲಿ ಎಲ್ಲರೂ ಕ್ಷೇಮ. ನಿನ್ನ ಅತ್ತೆಯ ಮಂಡಿನೋವು ಇದ್ದಷ್ಟೇ ಇದೆ, ಮಾತು ಮಾತ್ರ ಸ್ವಲ್ಪ ಹೆಚ್ಚಾಗಿದೆ. ನಿನ್ನ ಗಂಡನಿಗೆ ಈ ತಿಂಗಳು ಪ್ರೆಸ್ಸಿನಲ್ಲಿ ಬೆಳಗಿನ ಪಾಳಿ, ಬಂದವನೇ ಉಂಡು ಮಲಗುತ್ತಾನೆ. ನಮ್ಮ ಕಟ್ಟಡದ ಲಿಫ್ಟ್ ಮತ್ತೆ ಮೂರನೇ ಮಹಡಿಯಲ್ಲಿ ಮುಷ್ಕರ ಹೂಡಿದೆ. ಮೇಲಿನವರು ಮೆಟ್ಟಿಲು ಹತ್ತುತ್ತಾ ನಮ್ಮ ಬಾಗಿಲ ಮುಂದೆ ನಿಂತು ಏದುಸಿರು ಬಿಟ್ಟು, "ನಿಮ್ಮ ಸೊಸೆ ಯಾವಾಗ ಬರೋದು?" ಅಂತ ಕೇಳುತ್ತಾರೆ. ನನಗೆ ಒಳಗೊಳಗೇ ಹೆಮ್ಮೆ. ಇನ್ನೆರಡು ತಿಂಗಳು ಹತ್ತಿ, ಕಾಲಿಗೆ ಒಳ್ಳೆಯದು ಅನ್ನುತ್ತೇನೆ.

ಪೀಠಿಕೆ ಸಾಕು. ವಿಷಯ ಗಾಜಿನ ತೊಟ್ಟಿಯಲ್ಲಿರುವ ನಿನ್ನ ಸನ್ಯಾಸಿ ಏಡಿಗಳದ್ದು. ನಿನ್ನೆಗೆ ನಿನ್ನ ಪರೀಕ್ಷೆ ಮುಗಿಯಿತು, ಇನ್ನು ಮುಚ್ಚಿಡುವುದಿಲ್ಲ. ಚಿಕ್ಕದು, ಬೇರೆ ಜೀವದ ಚಿಪ್ಪಿನಲ್ಲಿ ವಾಸ ಅಂತ ನಾವು ಬಾಡಿಗೆದಾರ ಅನ್ನುತ್ತಿದ್ದೆವಲ್ಲ, ಅದು ಸತ್ತುಹೋಯಿತು. ಮೂರು ವಾರದ ಮೇಲೆ ಎರಡು ದಿನವಾಯಿತು. ಕೊಂದವನು ನಾನು. ನೀನು ಪ್ರತಿ ಭಾನುವಾರ ಫೋನ್ ಮಾಡಿ ಕೇಳಿದಾಗ "ಚೆನ್ನಾಗಿವೆ ಕಣಮ್ಮಾ" ಅಂದೆ. ಮೂರು ಭಾನುವಾರ ಮೂರು ಸುಳ್ಳು. ಫೋನಿನಲ್ಲಿ ನಿನ್ನ ದನಿ ಕೇಳುತ್ತಿದ್ದಂತೆ ನಾಲಿಗೆ ಏಳುತ್ತಿರಲಿಲ್ಲ. ಅದಕ್ಕೇ ಕಾಗದ ಹಿಡಿದೆ. ಇದರಲ್ಲಾದರೆ ನೀನು ನಡುವೆ "ಹೋಗಲಿ ಬಿಡಿ ಮಾವ" ಅನ್ನಲು ಆಗುವುದಿಲ್ಲ.

ನೀನು ಹೊರಡುವ ದಿನ ಚಪ್ಪಲಿ ಮೆಟ್ಟಿಕೊಂಡು ಬಾಗಿಲಲ್ಲಿ ನಿಂತು ಹೇಳಿದ್ದೆ: "ಮಾವ, ನಲ್ಲಿ ನೀರು ಹಾಗೇ ಹಾಕಬೇಡಿ. ಆ ನೀಲಿ ಬಾಟ್ಲಿದು ಎರಡು ಹನಿ ಬಿಡಿ. ಎಡಗಡೆ ಬಟ್ಟಲಿಗೆ ಸಮುದ್ರದ ಉಪ್ಪು, ಬಲಗಡೆದಕ್ಕೆ ಸಪ್ಪೆ ನೀರು." ನಾನು ನಕ್ಕು ತಲೆಯಾಡಿಸಿದೆ, ಆದರೆ ಒಳಗೆ ಉರಿಯಿತು. ಮೂವತ್ತೊಂದು ವರ್ಷ ಈ ಊರಿನ ನೀರಿಗೆ ಕ್ಲೋರಿನ್ ಬೆರೆಸಿದವನು ನಾನು. ಇಡೀ ಊರು ಕುಡಿದು, ಮಕ್ಕಳು ಮರಿ ಬೆಳೆಸಿಕೊಂಡ ನೀರು ನಿನ್ನ ಎರಡು ಏಡಿಗೆ ಆಗುವುದಿಲ್ಲವೇ ಅನ್ನಿಸಿತು. ಅಗಲ ಬಾಯಿಯ ಬಕೆಟ್ಟಿನಲ್ಲಿ ನೀರನ್ನು ಒಂದು ದಿನ ತೆರೆದಿಟ್ಟರೆ ಕ್ಲೋರಿನ್ ತಾನಾಗಿ ಹಾರಿಹೋಗುತ್ತದೆ, ಇದು ನನಗೆ ಗೊತ್ತಿರುವಷ್ಟು ನನ್ನ ಹೆಸರೂ ಗೊತ್ತಿಲ್ಲ. ಆದ್ದರಿಂದ ಕ್ಲೋರಿನ್ ತೆಗೆಯುವ ನಿನ್ನ ನೀಲಿ ಬಾಟಲಿಯನ್ನು ಕಪಾಟಿನಲ್ಲಿಟ್ಟು, ನನ್ನ ಬಕೆಟ್ಟನ್ನು ಬಾಲ್ಕನಿಯಲ್ಲಿಟ್ಟೆ. ಎರಡನೇ ವಾರಕ್ಕೆ ನಿನ್ನ ಉಪ್ಪಿನ ಪೊಟ್ಟಣ ಮುಗಿಯಿತು. ಅಡುಗೆಮನೆಯ ಡಬ್ಬಿಯಿಂದ ಒಂದು ಚಮಚ ಉಪ್ಪು ತೆಗೆದು ಹಾಕಿದೆ. ಉಪ್ಪೆಂದರೆ ಉಪ್ಪು, ಅದರಲ್ಲೇನು ಜಾತಿ ಅಂದುಕೊಂಡೆ. ನಿನ್ನ ಅತ್ತೆ ನೋಡಿ, "ಅವಳು ಹೇಳಿದ್ದು ಹಂಗಲ್ಲ" ಅಂದಳು. ನಾನು ಹಿಡಿದ ಮೊಲಕ್ಕೆ ಮೂರೇ ಕಾಲು, ನಿನಗೆ ಗೊತ್ತಲ್ಲ.

ಬಾಡಿಗೆದಾರ ಮೊದಲು ಬಟ್ಟಲುಗಳ ಕಡೆ ಹೋಗುವುದನ್ನು ಬಿಟ್ಟಿತು. ಆಮೇಲೆ ಚಿಪ್ಪಿನಿಂದ ಅರ್ಧ ಹೊರಗೆ ಬಂದು ಹಾಗೇ ಬಿದ್ದುಕೊಳ್ಳತೊಡಗಿತು. ಸೆಕೆಗೆ ಇರಬೇಕು ಅಂದುಕೊಂಡು ನಾನು ಗಾಜಿನ ತೊಟ್ಟಿಯ ಮೇಲೆ ಒದ್ದೆ ಬಟ್ಟೆ ಹಾಸಿದೆ. ಮಂಗಳವಾರ ಬೆಳಗ್ಗೆ ಮುಟ್ಟಿದರೆ ಅಲುಗಲಿಲ್ಲ. ನಿನ್ನ ಗಂಡ ಬಂದು ನೋಡಿ, "ಅಪ್ಪಾ, ಇದೇ ಸೈಜಿಂದು ಇನ್ನೊಂದು ತಂದು ಅದೇ ಚಿಪ್ಪಿಗೆ ಬಿಟ್ರೆ ಅವಳಿಗೆ ಗೊತ್ತಾಗಲ್ಲ" ಅಂದ. ನಿನಗೆ ದುಃಖವಾಗಬಾರದು ಅಂತ ಅಂದದ್ದು, ಅವನ ಮೇಲೆ ಸಿಟ್ಟಾಗಬೇಡ. ಆದರೆ ನಾನು ಆಗುವುದಿಲ್ಲ ಅಂದೆ. ನಿನ್ನ ಮನೆಯೊಳಗೆ ನಿನಗೇ ಮೋಸ ಮಾಡುವುದೇ? ಚಿಪ್ಪನ್ನು ತೊಳೆದು ನಿನ್ನ ಮೇಜಿನ ಖಾನೆಯಲ್ಲಿ ಹತ್ತಿಯಲ್ಲಿ ಸುತ್ತಿಟ್ಟಿದ್ದೇನೆ.

ಅಂದೇ ತೀರ್ಮಾನ ಮಾಡಿದೆ: ತಪ್ಪು ನೀರಿನದ್ದೋ ನನ್ನದ್ದೋ ಗೊತ್ತಾಗದೆ ಬಿಡುವುದಿಲ್ಲ. ನಿವೃತ್ತಿಯ ದಿನ ತಂದಿದ್ದ ನೀರು ಪರೀಕ್ಷಿಸುವ ಪೆಟ್ಟಿಗೆಯನ್ನು ಅಟ್ಟದಿಂದ ಇಳಿಸಿದೆ. ನೀರಿಗೆ ಅದರ ಹನಿ ಬಿಟ್ಟರೆ ಕ್ಲೋರಿನ್ ಇದ್ದಷ್ಟೂ ಹಳದಿ ತಿರುಗುತ್ತದೆ. ಎರಡು ದಿನ ಬಕೆಟ್ಟಿನಲ್ಲಿ ನಿಂತ ನೀರಿಗೆ ಬಿಟ್ಟೆ, ಹಳದಿ. ಹನಿ ಹಳೆಯದಾಗಿರಬೇಕು ಅಂದುಕೊಂಡೆ. ಕುದಿಸಿ ಆರಿಸಿದ ಮಳೆನೀರು ತಂದು ಬಿಟ್ಟೆ, ಬಣ್ಣವೇ ಇಲ್ಲ. ಮತ್ತೆ ಬಕೆಟ್ಟಿನ ನೀರು, ಮತ್ತೆ ಹಳದಿ. ನನ್ನ ಜೀವಮಾನದ ವಿದ್ಯೆ ಒಂದು ಗಾಜಿನ ನಳಿಗೆಯಲ್ಲಿ ನನ್ನನ್ನೇ ಅಣಕಿಸುತ್ತಿತ್ತು.

ಶುಕ್ರವಾರ ಬೆಳಗ್ಗೆ ಒಂದು ಬಾಟಲಿಯಲ್ಲಿ ಆ ನೀರು ತುಂಬಿಕೊಂಡು ನೀರಿನ ಘಟಕಕ್ಕೇ ಹೋದೆ. ನಾನು ಕೂರುತ್ತಿದ್ದ ಕುರ್ಚಿಯಲ್ಲಿ ಈಗ ನಾನೇ ಕೆಲಸ ಕಲಿಸಿದ ಕೆಮಿಸ್ಟ್ ಹೆಣ್ಣುಮಗಳು ಕೂರುತ್ತಾಳೆ. ಎದ್ದು ನಿಂತು ಕುರ್ಚಿ ಕೊಟ್ಟಳು, ಟೀ ತರಿಸಿದಳು, ಆಮೇಲೆ ಸಂಕೋಚದಿಂದ ಹೇಳಿದಳು: "ಸರ್, ಎರಡು ವರ್ಷ ಆಯ್ತು. ಈಗ ಕ್ಲೋರಿನ್ ಜೊತೆ ಅಮೋನಿಯಾ ಸೇರಿಸ್ತೀವಿ. ಪೈಪಿನ ಕೊನೇ ಮನೆವರೆಗೂ ಉಳೀಲಿ ಅಂತ. ಬಕೆಟ್‌ನಲ್ಲಿಟ್ರೆ ಬೇಗ ಹೋಗಲ್ಲ." ಮನುಷ್ಯರು ಕುಡಿದರೆ ಏನೂ ಆಗದಂತೆ, ಕಿವಿರಿನಿಂದ ಉಸಿರಾಡುವ ಜೀವಕ್ಕೆ ಮಾತ್ರ ಅದು ಉರಿಯಂತೆ. ಜಟ್ಟಿ ನೆಲಕ್ಕೆ ಬಿದ್ದರೂ ಮೀಸೆ ಮಣ್ಣಾಗಲಿಲ್ಲ ಅನ್ನುವಂತೆ, "ನನಗೂ ಅದೇ ಅನುಮಾನ ಇತ್ತು" ಅಂತ ಹೇಳಿ ಟೀ ಕುಡಿದು ಎದ್ದುಬಂದೆ. ಗೇಟಿನ ಹೊರಗೆ ಬಂದ ಮೇಲೆ ಕಟ್ಟೆಯ ಮೇಲೆ ಕುಳಿತೆ. ಉಪ್ಪು ತಿಂದವನು ನೀರು ಕುಡಿಯಲೇಬೇಕು ಅನ್ನುತ್ತಾರೆ. ಇಲ್ಲಿ ಉಪ್ಪು ತಿಂದವನು ನಾನು, ನೀರು ಕುಡಿದದ್ದು ಆ ಬಡಪಾಯಿ.

ಶನಿವಾರ ನಿನ್ನ ಬಣ್ಣದ ಮೀನಿನ ಅಂಗಡಿಗೆ ಹೋದೆ. ಅಂಗಡಿಯಾಕೆ ನಿನ್ನನ್ನು ಚೆನ್ನಾಗಿ ಬಲ್ಲಳು. ಅಡುಗೆ ಉಪ್ಪು ಹಾಕಿದೆ ಅಂದಾಗ ಹಣೆ ಚಚ್ಚಿಕೊಂಡಳು. ಸಮುದ್ರದ ನೀರಿನಲ್ಲಿರುವ ಸುಣ್ಣದಂಶ, ಇನ್ನೂ ಹತ್ತೆಂಟು ಲವಣ ಅಡುಗೆ ಉಪ್ಪಿನಲ್ಲಿ ಇರುವುದಿಲ್ಲ, ಅವಿಲ್ಲದೆ ಇವಕ್ಕೆ ನಡೆಯುವುದಿಲ್ಲ ಅಂದಳು. ಆಮೇಲೆ ಅವಳು ಹೇಳಿದ ಮಾತು ಕೇಳಿ ನಾನು ದಂಗಾಗಿಬಿಟ್ಟೆ, ನೀನು ಯಾಕೆ ಇದನ್ನು ನನಗೆ ಹೇಳಲಿಲ್ಲ? ಈ ಏಡಿಗಳು ಚಿಪ್ಪಿನೊಳಗೆ ನೀರು ಹೊತ್ತುಕೊಂಡೇ ತಿರುಗುತ್ತವಂತೆ. ಉಪ್ಪುನೀರಿನ ಬಟ್ಟಲಿಗೆ ಒಮ್ಮೆ, ಸಪ್ಪೆ ನೀರಿನ ಬಟ್ಟಲಿಗೆ ಒಮ್ಮೆ ಇಳಿದು, ತಮಗೆ ಎಷ್ಟು ಬೇಕೋ ಅಷ್ಟೇ ಉಪ್ಪು ಆಗುವಂತೆ ತಾವೇ ಬೆರೆಸಿಕೊಳ್ಳುತ್ತವಂತೆ. ಮಾಪಕವಿಲ್ಲ, ಪುಸ್ತಕವಿಲ್ಲ, ಮೇಲಧಿಕಾರಿಯಿಲ್ಲ! ಮೂವತ್ತೊಂದು ವರ್ಷ ನಾನು ಮಾಡಿದ ಕೆಲಸವನ್ನೇ ಅವು ಬೆನ್ನ ಮೇಲೆ ಹೊತ್ತು ಮಾಡುತ್ತಿವೆ. ಇವಕ್ಕೆ ಸನ್ಯಾಸಿ ಏಡಿ ಅಂತ ಹೆಸರಿಟ್ಟವನು ಯಾರೋ, ಇಷ್ಟು ಅಚ್ಚುಕಟ್ಟಾದ ಸಂಸಾರಸ್ಥರನ್ನು ನಾನು ಕಂಡಿಲ್ಲ.

ಈಗ ನನ್ನ ಕ್ರಮ ಹೀಗಿದೆ. ನಲ್ಲಿ ನೀರಿಗೆ ನಿನ್ನ ನೀಲಿ ಬಾಟಲಿಯ ಹನಿ ಹಾಕಿ, ಸ್ವಲ್ಪ ಹೊತ್ತು ಬಿಟ್ಟು ನನ್ನ ಪೆಟ್ಟಿಗೆಯಿಂದ ಪರೀಕ್ಷಿಸುತ್ತೇನೆ. ಹಳದಿಯ ನೆರಳು ಕಂಡರೂ ಚೆಲ್ಲಿ ಮತ್ತೆ ಮೊದಲಿಂದ. ಸಮುದ್ರದ ಉಪ್ಪು ಲೀಟರಿಗೆ ಮೂವತ್ತೈದು ಗ್ರಾಂ, ಅಡುಗೆಮನೆಯ ತಕ್ಕಡಿಯಲ್ಲಿ ತೂಗಿ, ಒಂದು ಕಾಳೂ ತಳದಲ್ಲಿ ಉಳಿಯದಂತೆ ಕರಗಿಸುತ್ತೇನೆ. ಎರಡೂ ಬಟ್ಟಲು ಏಡಿ ಮುಳುಗುವಷ್ಟು ಆಳ, ಹತ್ತಿ ಹೊರಬರಲು ಒಂದು ಕಡೆ ಬೆಣಚುಕಲ್ಲು ಪೇರಿಸಿದ್ದೇನೆ. ದಿನಾ ಬೆಳಗ್ಗೆ ಎರಡನ್ನೂ ತೊಳೆದು ಹೊಸ ನೀರು. ನಿನ್ನ ಅತ್ತೆ, "ಕೆಟ್ಟ ಮೇಲೆ ಬುದ್ಧಿ ಬಂತು, ಅಟ್ಟ ಮೇಲೆ ಒಲೆ ಉರೀತು" ಅಂತ ಗೊಣಗುತ್ತಲೇ ತಕ್ಕಡಿ ಒರೆಸಿ ಕೊಡುತ್ತಾಳೆ.

ಇನ್ನು ದೊಡ್ಡದು, ನಮ್ಮ ಸಾಹುಕಾರ. ಸರಿಯಾದ ನೀರಿಟ್ಟ ಮರುದಿನ, ಅಂದರೆ ಭಾನುವಾರ, ಅದು ಮೊದಲು ಉಪ್ಪಿನ ಬಟ್ಟಲಿಗೆ ಇಳಿದು ನಾನೊಂದು ಲೋಟ ಕಾಫಿ ಮುಗಿಸುವಷ್ಟು ಹೊತ್ತು ಕುಳಿತಿತ್ತು. ಆಮೇಲೆ ಸಪ್ಪೆ ನೀರಿಗೆ ಹೋಗಿ ಮುಳುಗೆದ್ದು, ಮೂಲೆಯಲ್ಲಿ ಮರಳು ಕೆದಕಿ ಒಳಗಿಳಿಯಿತು. ಇವತ್ತಿಗೆ ಹದಿನೆಂಟು ದಿನ, ಮೇಲೆ ಬಂದಿಲ್ಲ. ಪೊರೆ ಕಳಚಲು ಇಳಿದಿರಬೇಕು, ಒಂದು ತಿಂಗಳಾಗಬಹುದು, ಎರಡೂ ಆಗಬಹುದು, ಚಿಪ್ಪಿನಲ್ಲಿ ಹೊತ್ತುಕೊಂಡು ಹೋದ ನೀರೇ ಅಷ್ಟು ದಿನ ಅದಕ್ಕೆ ಆಧಾರ ಅಂತ ಅಂಗಡಿಯಾಕೆ ಹೇಳುತ್ತಾಳೆ. ಸತ್ತೂ ಇರಬಹುದು, ಅದನ್ನೂ ಹೇಳಿದಳು. ಕೆದಕಿ ನೋಡುವಂತಿಲ್ಲ, ಮೈ ಮೆತ್ತಗಿರುವಾಗ ಬೆರಳು ತಾಗಿದರೂ ಮುಗಿಯಿತು. ನಿನ್ನ ಗಂಡ ಹೋದ ವಾರ ಚಮಚ ಹಿಡಿದು ಬಂದಿದ್ದ. ನಾನು ತೊಟ್ಟಿಯ ಮುಂದೆ ಕುರ್ಚಿ ಹಾಕಿಕೊಂಡು ಕುಳಿತುಬಿಟ್ಟೆ. ಈಗ ಮುಚ್ಚಳದ ಮೇಲೆ "ಕೆಲಸ ನಡೆಯುತ್ತಿದೆ, ಮುಟ್ಟಬಾರದು" ಅಂತ ದೊಡ್ಡಕ್ಷರದಲ್ಲಿ ಬರೆದು ಅಂಟಿಸಿದ್ದೇನೆ. ಕುಡಿಯುವವರಿಲ್ಲದ ಎರಡು ಬಟ್ಟಲಿಗೆ ದಿನಾ ನೀರು ಬದಲಾಯಿಸುವ ಮುದುಕನನ್ನು ನೋಡಿ ಮನೆಯವರು ನಗಲಿ, ಚಿಂತೆಯಿಲ್ಲ. ಮೇಲೆ ಬಂದ ಕೂಡಲೆ ಅದು ಹುಡುಕುವುದು ಉಪ್ಪುನೀರನ್ನಂತೆ. ಆ ಹೊತ್ತಿಗೆ ಬಟ್ಟಲು ಒಣಗಿರಬಾರದು, ನೀರು ಹಳತಾಗಿರಬಾರದು. ಅಷ್ಟು ನನ್ನ ಕೈಲಿದೆ, ಅಷ್ಟನ್ನು ಮಾಡಿಯೇ ಮಾಡುತ್ತೇನೆ.

ಬೈಯಬೇಕೆನಿಸಿದರೆ ಧಾರಾಳವಾಗಿ ಬೈದು ಬರೆ. ಆದರೆ ತರಬೇತಿಯನ್ನು ಅರ್ಧಕ್ಕೆ ಬಿಟ್ಟು ಓಡಿಬರಬೇಡ. ಮಣಿಕಟ್ಟಿಗೆ ಎಣ್ಣೆ ಹಚ್ಚಿಕೋ ಅಂತ ಬರೆಯಲು ನಿನ್ನ ಅತ್ತೆ ಒಳಗಿನಿಂದ ಮೂರನೇ ಸಲ ಕೂಗುತ್ತಿದ್ದಾಳೆ, ಬರೆದೆ. ನೀನು ಕೈಯಿಟ್ಟ ಲಿಫ್ಟ್ ಯಾವುದೂ ನಡುದಾರಿಯಲ್ಲಿ ನಿಲ್ಲದಿರಲಿ, ನೂರು ವರ್ಷ ಬಾಳು.

ಇತಿ,
ನಿನ್ನ ಮಾವ

ತಾ.ಕ.: ಲಕೋಟೆಗೆ ಅಂಟು ಹಚ್ಚಿದ್ದೆ, ಮತ್ತೆ ಬಿಡಿಸಿದೆ. ಸಾಹುಕಾರ ಭಾನುವಾರ ಎರಡೂ ಬಟ್ಟಲಿಗಿಳಿದು ಮರಳಿಗೆ ಹೋಯಿತು ಅಂತ ಮೇಲೆ ಬರೆದಿದ್ದೇನಲ್ಲ, ಅದು ಸುಳ್ಳು. ಅದು ಶುಕ್ರವಾರವೇ ಇಳಿದಿತ್ತು. ನಾನು ಘಟಕದಿಂದ ಬರುವಷ್ಟರಲ್ಲಿ ಮೂಲೆಯಲ್ಲಿ ಮರಳು ಕುಸಿದ ಗುಳಿ ಮಾತ್ರ ಇತ್ತು. ಹದಿನೆಂಟು ದಿನವಲ್ಲ, ಇಪ್ಪತ್ತು. ಒಳ್ಳೆಯ ನೀರನ್ನು ಅದು ಇನ್ನೂ ಕಂಡೇ ಇಲ್ಲ. ಚಿಪ್ಪಿನಲ್ಲಿ ಹೊತ್ತುಕೊಂಡು ಹೋಗಿರುವುದು ನನ್ನ ಬಕೆಟ್ಟಿನ ನೀರು, ನಮ್ಮ ಅಡುಗೆಮನೆಯ ಉಪ್ಪು. ಅಂಗಡಿಯಾಕೆಗೂ ಭಾನುವಾರ ಅಂತಲೇ ಹೇಳಿದ್ದೇನೆ, ಕೆದಕಬೇಡಿ ಅಂತ ಅವಳು ಅಂದದ್ದೂ ಅದನ್ನು ನಂಬಿಯೇ. ಹೇಳಿ ಹೇಳಿ ನನಗೇ ಅದು ಕಣ್ಣಿಗೆ ಕಟ್ಟಿದಂತಾಗಿತ್ತು. ಈಗ ಕೆದಕಬೇಕೋ ಕಾಯಬೇಕೋ, ನನಗೆ ಗೊತ್ತಿಲ್ಲ ಮಗಳೇ. ಈ ಕಾಗದ ತಲುಪಿದ ತಕ್ಷಣ ಫೋನ್ ಮಾಡು, ನನಗೇ ಮಾಡು. ನೀನು ಹೇಳಿದ ಹಾಗೆ ಮಾಡುತ್ತೇನೆ.