ಕಾಫ್ಟ್ರಿಯೋ ಎಂದರೆ

ಮೇಯೋ
೧೨ ಜನವರಿ ೨೦೨೫, ಭಾನುವಾರ

ಪ್ರಿಯ ಡೋನಲ್,

ಹೇಗಿದ್ದೀರಿ ಎಂದು ನಿನ್ನನ್ನೂ ಮೇವ್‌ಳನ್ನೂ ಕೇಳುವ ಮುಖ ನನಗಿಲ್ಲ, ಆದರೂ ಕೇಳುತ್ತಿದ್ದೇನೆ. ನಿನ್ನ ಕಾಗದ ಬಂದು ಇವತ್ತಿಗೆ ಐದು ವಾರ, ಮೇಲೆರಡು ದಿನ. ದನದ ಸಂತೆಯಲ್ಲಿ ಮೂವತ್ತೊಂದು ವರ್ಷ ಹರಾಜು ಕೂಗಿದವನು ನಾನು, ಎರಡು ಉಸಿರಿನ ನಡುವೆ ಒಂದು ಹೋರಿ ಮಾರಿದವನು. ಅಂಥವನಿಗೆ ಒಂದು ಕಾಗದ ಬರೆಯಲು ಇಷ್ಟು ದಿನ ಬೇಕಾಯಿತು. ಮೊದಲು ನೆಗಡಿಯ ನೆಪ ಹೇಳಿಕೊಂಡೆ, ಆಮೇಲೆ ಕ್ರಿಸ್‌ಮಸ್ಸಿನದು, ಆಮೇಲೆ ಹಿಮದ್ದು. ಈಗ ಹಿಮವೂ ಕರಗಿದೆ.

ನಿನ್ನ ಮಗಳು ಕ್ಲೋಡಾ ತೀರಿಕೊಂಡು ತಿಂಗಳಾದ ದಿನದ ಪೂಜೆಗೂ ನಾನು ಬರಲಿಲ್ಲ. ಕಾರು ಕೆಟ್ಟಿದೆ ಎಂದು ನಮ್ಮ ಮನೆಯಾಕೆ ಬ್ರೀಡ್ ಕೈಯಲ್ಲಿ ಫೋನ್ ಮಾಡಿಸಿದೆ. ಕಾರು ಕೆಟ್ಟಿರಲಿಲ್ಲ. ಬ್ರೀಡ್‌ಗೂ ಅದು ಗೊತ್ತಿತ್ತು. ಫೋನ್ ಇಟ್ಟವಳು ಕಾರಿನ ಕೀಲಿ ತಂದು ಮೇಜಿನ ಮೇಲೆ ನನ್ನೆದುರಿಗಿಟ್ಟಳು.

ನಿನ್ನ ಕಾಗದದಲ್ಲಿ ಒಂದು ಪ್ರಶ್ನೆಯಿತ್ತು, ಒಂದು ಕ್ಷಮಾಪಣೆಯಿತ್ತು. ಪ್ರಶ್ನೆ ಸುಲಭ, ಅದರಿಂದಲೇ ಶುರು ಮಾಡುತ್ತೇನೆ. ಕ್ಲೋಡಾಳ ನೆನಪಿನ ಕಾರ್ಡು ಅಚ್ಚು ಹಾಕಿಸಬೇಕು, ಅದರಲ್ಲಿ ಪ್ರಾರ್ಥನೆಯ ಕೆಳಗೆ ಕಾಫ್ಟ್ರಿಯೋ ಎಂಬ ಆ ಮಾತ್ರೆಯ ಹೆಸರೂ ಒಂದು ಸಾಲಾಗಿ ಬರಬೇಕು, ಅವಳಿಗೆ ನಾಲ್ಕು ವರ್ಷ ಕೊಟ್ಟಿದ್ದು ಅದೇ ತಾನೇ ಎಂದು ಬರೆದಿದ್ದೀಯ. ‘ದಿನಾ ಬೆಳಿಗ್ಗೆ ಮನೆಯಲ್ಲಿ ಹೇಳುತ್ತಿದ್ದ ಮಾತು, ಅದರ ಅರ್ಥವೇ ನನಗೆ ಗೊತ್ತಿಲ್ಲ, ನೀನು ಮಾತಿನ ಮನುಷ್ಯ, ವಿಚಾರಿಸಿ ತಿಳಿಸು’ ಎಂದೂ ಬರೆದಿದ್ದೀಯ.

ವಿಚಾರಿಸಿದೆ. ಮೊದಲು ನಮ್ಮೂರ ಔಷಧದಂಗಡಿಯ ಇಮೆಲ್ಡಾಳನ್ನು ಕೇಳಿದೆ. ಅವಳು ಕನ್ನಡಕ ಏರಿಸಿ ಡಬ್ಬವನ್ನು ಆ ಕಡೆ ಈ ಕಡೆ ತಿರುಗಿಸಿ ನೋಡಿದಳು. “ಅದರೊಳಗಿರೋ ಮೂರೂ ಔಷಧಿ ಹೆಸರು ‘ಕಾಫ್ಟರ್’ ಅಂತ ಮುಗಿಯತ್ತೆ ಫರ್ಗಸ್. ಮೂರಿದೆ ಅಂತ ‘ಟ್ರಿಯೋ’. ಅಷ್ಟೇ. ಹೆಸರಿಡೋಕೆ ಅಂತಾನೇ ಸಂಬಳ ತಗೊಳ್ಳೋ ಜನ ಇರ್ತಾರೆ” ಅಂದಳು. ಅಮೆರಿಕದಲ್ಲಿ ಇದೇ ಮಾತ್ರೆಗೆ ಟ್ರೈಕಾಫ್ಟಾ ಅನ್ನುತ್ತಾರಂತೆ. ಕಡಲು ದಾಟುವಾಗ ತಲೆಯಲ್ಲಿದ್ದ ಮೂರು ಬಾಲಕ್ಕೆ ಬಂದಿದೆ.

ಅಷ್ಟಕ್ಕೆ ಸಮಾಧಾನವಾಗದೆ ನಮ್ಮ ಹಳೇ ಪಾದ್ರಿಯನ್ನೂ ಕೇಳಿದೆ. ತೊಂಬತ್ತು ದಾಟಿದ್ದಾರೆ, ಏನು ಕೇಳಿದರೂ ಗೊತ್ತಿಲ್ಲ ಅನ್ನುವವರಲ್ಲ. ಹೀಬ್ರೂ ಭಾಷೆಯಲ್ಲಿ ‘ಕಾಫ್’ ಎಂದರೆ ಅಂಗೈ, ಹಾಗಾಗಿ ಇದು ಮೂರು ಅಂಗೈ, ಅಂದರೆ ತ್ರಿಯೇಕ ದೇವರ ಕೈ ಎಂದು ಕಣ್ಣು ಮುಚ್ಚಿಕೊಂಡು ಹೇಳಿದರು. ಕಾರ್ಡಿಗೆ ಇದಕ್ಕಿಂತ ಒಳ್ಳೆಯ ಸಾಲು ಸಿಗದು. ಆದರೆ ಸುಳ್ಳು. ಸಂತೆಯಲ್ಲಾಗಿದ್ದರೆ ಈ ಸುಳ್ಳನ್ನು ಮರುಮಾತಿಲ್ಲದೆ ಮಾರುತ್ತಿದ್ದೆ, ನಿನಗೆ ಮಾರಲಾರೆ. ಆ ಹೆಸರಿಗೆ ಅರ್ಥವಿಲ್ಲ ಡೋನಲ್. ಯಾರೋ ಮೇಜಿನ ಸುತ್ತ ಕೂತು ಕಟ್ಟಿದ ಸದ್ದು ಅದು.

ಅರ್ಥ ಕೊಟ್ಟವರು ನಾವು. ಆಸ್ಪತ್ರೆಯ ಮೊಗಸಾಲೆಯಲ್ಲಿ ಸಿಎಫ್ ಎಂಬ ಹುಟ್ಟು ಎದೆರೋಗದ ಮಕ್ಕಳ ಅಪ್ಪಂದಿರು ಆ ಮಾತನ್ನು ಹೇಗೆ ಆಡುತ್ತಿದ್ದರು ನೆನಪಿಸಿಕೋ. ಮಾತ್ರೆ ಬರುವ ಮೊದಲು ಅದನ್ನು ಪಿಸುಗುಟ್ಟುತ್ತಿದ್ದೆವು, ಜೋರಾಗಿ ಹೇಳಿದರೆ ಹಾರಿಹೋಗುತ್ತದೇನೋ ಎಂಬಂತೆ. ಬಂದ ಮೇಲೆ ಊಟ ಆಯ್ತಾ ಎಂದು ಕೇಳಿದ ಹಾಗೆ ಕೇಳತೊಡಗಿದೆವು: “ನಿಮ್ಮವನದು ಕಾಫ್ಟ್ರಿಯೋ ಆಯ್ತಾ?” ಆಯ್ತು ಅಂದವನು ತಲೆ ತಗ್ಗಿಸುತ್ತಿದ್ದ, ಯಾಕೆಂದರೆ ಪಕ್ಕದಲ್ಲೇ ಒಬ್ಬ ಇರುತ್ತಿದ್ದ, ಅವನ ಮಗುವಿನ ರಕ್ತಕ್ಕೆ ಅದು ಒಗ್ಗುವುದಿಲ್ಲ ಎಂದು ಡಾಕ್ಟರು ಹೇಳಿಬಿಟ್ಟಿದ್ದವನು. ನನ್ನ ಸಂತೆಗೂ ಆ ಮಾತು ಬಂತು. ಬಡಕಲು ಕರು ಒಂದೇ ತಿಂಗಳಲ್ಲಿ ಮೈ ತುಂಬಿಕೊಂಡು ಬಂದರೆ “ಏನಯ್ಯಾ, ಕಾಫ್ಟ್ರಿಯೋ ಹಾಕಿದ್ಯಾ?” ಎಂದು ರೈತರು ರೇಗಿಸುತ್ತಿದ್ದರು. ನಾನೂ ನಗುತ್ತಿದ್ದೆ.

ಆ ಮೊದಲ ದಿನ ನೆನಪಿದೆಯಾ? ಕೊಬ್ಬಿಲ್ಲದೆ ಮಾತ್ರೆ ಮೈಗೆ ಹತ್ತದು ಎಂದು ಬ್ರೀಡ್ ನಮ್ಮ ಮಗ ರೋನನ್‌ಗೆ ಮೂರು ಮೊಟ್ಟೆ ಬೆಣ್ಣೆಯಲ್ಲಿ ಕರಿದು ಕೊಟ್ಟಳು. ಒಂಬತ್ತಕ್ಕೆ ನುಂಗಿದ, ಮಧ್ಯಾಹ್ನದ ಹೊತ್ತಿಗೆ ಇಪ್ಪತ್ತೆರಡು ವರ್ಷದ ಗೋಂದಿನಂಥ ಕಫ ಎದೆಯಿಂದ ಕಿತ್ತು ಬರತೊಡಗಿತು. ಬೋಗುಣಿ ಹಿಡಿದು ನಿಂತಿದ್ದೆ. ಅಷ್ಟರಲ್ಲಿ ನಿನ್ನ ಫೋನ್ ಬಂತು. ಅಲ್ಲಿ ಕ್ಲೋಡಾಳದೂ ಇದೇ ಪಾಡು. ಎರಡು ದಿನ ಬಿಟ್ಟು ಮತ್ತೆ ಫೋನ್ ಮಾಡಿದಾಗ ನೀನು ಅಳುತ್ತಿದ್ದೆ. “ಫರ್ಗಸ್, ಹಣೆಗೆ ಮುತ್ತು ಕೊಟ್ರೆ ಉಪ್ಪೇ ಇಲ್ಲ ಕಣೋ” ಅಂದೆ. ಹುಟ್ಟಿದಾಗಿನಿಂದ ಈ ರೋಗದ ಬೆವರಿಗೆ ಉಪ್ಪಾಗಿದ್ದ ಹಣೆಗಳು. ನಾನೂ ಹೋಗಿ ಮಲಗಿದ್ದವನ ಹಣೆ ನೆಕ್ಕಿ ನೋಡಿದೆ. ನಾಯಿಯ ಹಾಗೆ ಎಂದು ಬ್ರೀಡ್ ಬೈದಳು.

ಆ ನಾಲ್ಕು ವರ್ಷದಲ್ಲಿ ರೋನನ್ ಹದಿನಾಲ್ಕು ಕಿಲೋ ಏರಿದ. ಕ್ಲೋಡಾ ನಿನ್ನ ಸ್ಟ್ರಾಬೆರಿಯ ಪ್ಲಾಸ್ಟಿಕ್ ಮನೆಗಳಲ್ಲಿ ದಿನವಿಡೀ ಬಗ್ಗಿ ಹಣ್ಣು ಬಿಡಿಸಿದಳು, ರಸ್ತೆ ಬದಿಯ ಗೂಡಂಗಡಿಯಲ್ಲಿ ಕೂತು ಮಾರಿದಳು. ನಮ್ಮ ಬಾಯಲ್ಲಿ ಆ ಹೆಸರಿಗೆ ಒಂದೇ ಅರ್ಥ ನಿಂತುಬಿಟ್ಟಿತ್ತು: ಮುಗಿಯಿತು, ಗೆದ್ದೆವು.

ಈಗ ನಿನ್ನ ಕ್ಷಮಾಪಣೆಯ ವಿಷಯ. ಕ್ಲೋಡಾಳನ್ನು ಕೊಂದ ಸೆಪೇಶಿಯಾ ಎಂಬ ಕ್ರಿಮಿ ಮಣ್ಣಿನಲ್ಲಿ, ಬೇರಿನಲ್ಲಿ ಇರುತ್ತದೆ ಎಂದು ಡಾಕ್ಟರು ನಿನಗೆ ಹೇಳಿದರು. ನಿನ್ನ ಮಣ್ಣಿಂದಲೇ ಅವಳಿಗೆ ಬಂತು, ಅವಳಿಂದ ನನ್ನ ಮಗನಿಗೆ ದಾಟಿತು, ಅದಕ್ಕೆ ಕ್ಷಮಿಸು ಎಂದು ಬರೆದಿದ್ದೀಯ. ಈ ವರ್ಷ ಗಿಡ ಹಾಕುವುದಿಲ್ಲ, ಪ್ಲಾಸ್ಟಿಕ್ಕು ಕಿತ್ತು ಮಾರಿಬಿಡುತ್ತೇನೆ, ಆ ಬಾಗಿಲು ತೆಗೆಯಲು ಕೈ ಬರುವುದಿಲ್ಲ ಎಂದೂ ಬರೆದಿದ್ದೀಯ. ಈ ಒಂದು ಪುಟ ಓದಿ ಮುಗಿಸಲು ನನಗೆ ಮೂರು ದಿನ ಹಿಡಿಯಿತು.

ರೋನನ್ ಚೆನ್ನಾಗಿದ್ದಾನೆ. ಅವನ ಎದೆಯಲ್ಲಿ ಅದು ಸದ್ಯಕ್ಕೆ ತೆಪ್ಪಗೆ ಕೂತಿದೆ. ಒಬ್ಬರಲ್ಲಿ ವರ್ಷಗಟ್ಟಲೆ ಸುಮ್ಮನಿರುತ್ತದಂತೆ, ಇನ್ನೊಬ್ಬರನ್ನು ಎಂಟೇ ವಾರದಲ್ಲಿ ಮುಗಿಸುತ್ತದಂತೆ. ಯಾಕೆ ಎಂದು ಅವರಿಗೂ ಗೊತ್ತಿಲ್ಲ. ಕಳೆದ ಜೂನ್‌ನಲ್ಲಿ ಅವನ ಕಫದ ಫಲಿತಾಂಶ ಬಂದಾಗ ಅವನು ಹೆದರಲಿಲ್ಲ. ಆಗಸ್ಟಿನಲ್ಲಿ ಕ್ಲೋಡಾಳಿಗೂ ಅದೇ ಎಂದು ತಿಳಿದಾಗ ಮಾತ್ರ ಒಂದು ದಿನ ಕೋಣೆಯಿಂದ ಹೊರಗೆ ಬರಲಿಲ್ಲ. ಅವಳಲ್ಲಿ ಮೊದಲೇ ಅಡಗಿತ್ತು, ಈಗ ಯಾರಿಗೂ ಕೆಮ್ಮೇ ಬರುವುದಿಲ್ಲವಲ್ಲ, ಪರೀಕ್ಷೆಗೆ ಕಫ ಎಲ್ಲಿಂದ ತರುವುದು, ಅದಕ್ಕೇ ಗೊತ್ತಾಗಲಿಲ್ಲ, ತನಗೆ ಬಂದದ್ದು ಅವಳಿಂದಲೇ ಎಂದು ಅವನ ಲೆಕ್ಕ. ಮಣ್ಣು ಮಾಡಿ ನಿಮ್ಮೂರಿಂದ ವಾಪಸು ಬರುವಾಗ ಕಾರಿನಲ್ಲಿ ಅವನು ಆಡಿದ್ದು ಒಂದೇ ಮಾತು. “ಅವಳದು ಅಂತ ನನ್ ಹತ್ರ ಇರೋದು ಇದೊಂದೇ ಅಪ್ಪಾ” ಅಂದ, ಎದೆ ಮುಟ್ಟಿಕೊಂಡು.

ಆ ಮಕ್ಕಳ ವಿಷಯ ನಿನಗೆ ನಾನು ಹೇಳಬೇಕಾದ್ದಿಲ್ಲ. ಆಸ್ಪತ್ರೆಯಲ್ಲಿ ಅಕ್ಕಪಕ್ಕದ ಕೋಣೆಗಳು, ನಡುವೆ ಒಂದು ಗೋಡೆ. ಅವನಿಗೆ ಹನ್ನೊಂದು, ಅವಳಿಗೆ ಹತ್ತು. ಒಬ್ಬರ ಕ್ರಿಮಿ ಇನ್ನೊಬ್ಬರಿಗೆ ವಿಷ, ಆದ್ದರಿಂದ ಎರಡು ಮೀಟರ್ ದೂರ, ಒಂದೇ ಕೋಣೆಯಲ್ಲಂತೂ ಕೂಡದು. ನಾವಿಬ್ಬರು ಅಪ್ಪಂದಿರು ಮೊಗಸಾಲೆಯಲ್ಲಿ ಯಂತ್ರದ ಕೆಟ್ಟ ಟೀ ಕುಡಿಯುತ್ತ ಗೆಳೆಯರಾದೆವು. ಅವರು ಗೋಡೆ ಬಡಿಯುತ್ತ, ಫೋನಿನಲ್ಲಿ ಮಾತಾಡುತ್ತ ಬೆಳೆದರು. ಹದಿನೈದು ವರ್ಷ. ಒಬ್ಬರ ಕೈ ಒಬ್ಬರು ಮುಟ್ಟಿರಲಿಲ್ಲ.

ಭೇಟಿಯಾಗಬೇಕು ಎಂದವಳು ಕ್ಲೋಡಾ. ಬೇಡ ಎಂದವನು ನೀನು. ಮೂರು ಸಲ ಬೇಡ ಎಂದೆ. ನಾನು ಪಟ್ಟು ಬಿಡದೆ ಫೋನಿನಲ್ಲಿ ನಿನ್ನನ್ನು ಮಣಿಸಿದೆ. “ಆ ರೂಲ್ಸೆಲ್ಲ ಕಾಫ್ಟ್ರಿಯೋ ಬರೋಕೆ ಮುಂಚಿಂದು ಮಾರಾಯ. ಕೆಮ್ಮೇ ಇಲ್ಲದ ಮೇಲೆ ಹರಡೋದೇನು?” ಎಂದೆ. ಡಾಕ್ಟರು ಹಾಗೆ ಹೇಳಿರಲಿಲ್ಲ. ದೂರ ಇರಿ ಎಂದೇ ಹೇಳುತ್ತ ಬಂದಿದ್ದರು. ಹೇಳಿದ್ದು ನಾನು.

ಹೋದ ವರ್ಷ ಏಪ್ರಿಲ್ ಇಪ್ಪತ್ತು, ಶನಿವಾರ, ಅಥ್ಲೋನಿನ ಹೋಟೆಲಿನ ಮುಂದೆ. ನಿನ್ನ ಕಾರು, ನನ್ನ ಕಾರು. ಇಬ್ಬರೂ ಇಳಿದರು, ಎದುರುಬದುರು ನಿಂತರು. ನಡುವೆ ಸರಿಯಾಗಿ ಎರಡು ಮೀಟರ್. ನನ್ನ ಕಣ್ಣಳತೆ ತಪ್ಪುವುದಿಲ್ಲ. ಕಾಲಿಗೇ ರೂಢಿಯಾಗಿಬಿಟ್ಟಿತ್ತು ಆ ದೂರ. ಯಾರೂ ಹೆಜ್ಜೆ ಮುಂದಿಡಲಿಲ್ಲ. ಕ್ಲೋಡಾ ನನ್ನ ಕಡೆ ತಿರುಗಿ, “ಏನ್ ಹರಾಜಪ್ಪ, ಕೂಗಲ್ವಾ?” ಅಂದಳು. ನಾನು ಮಗನ ಬೆನ್ನಿಗೆ ಕೈಯಿಟ್ಟು ತಳ್ಳಿದೆ. ನೀನು ಆ ಕಡೆ ತಿರುಗಿ ಮೂಗು ಒರೆಸಿಕೊಳ್ಳುತ್ತಿದ್ದೆ, ನೋಡಲಿಲ್ಲ. ಎರಡು ಗಂಟೆ ನಲವತ್ತು ನಿಮಿಷ. ಒಂದೇ ತಟ್ಟೆಯಲ್ಲಿ ಆಲೂಗಡ್ಡೆ ತಿಂದರು, ಒಂದೇ ಚಮಚದಲ್ಲಿ ಐಸ್‌ಕ್ರೀಮು. ಮಗ ಹಾಗೆ ನಕ್ಕಿದ್ದನ್ನು ನಾನು ಅದಕ್ಕೆ ಮೊದಲು ಕಂಡಿರಲಿಲ್ಲ, ಆಮೇಲೂ ಕಂಡಿಲ್ಲ.

ಆಮೇಲೆ ಆಸ್ಪತ್ರೆಯಲ್ಲಿ ‘ಬೇರೆ ರೋಗಿಗಳ ಜೊತೆ ಸೇರಿದ್ದಳಾ’ ಎಂದು ಕೇಳಿದಾಗ ಇಲ್ಲ ಎಂದೆಯಂತೆ. ನಮ್ಮ ಹೆಸರು ಬರಬಾರದು ಎಂದು. ಮೇವ್ ಇದನ್ನು ಬ್ರೀಡ್‌ಗೆ ಹೇಳಿದಳು.

ಕಾರ್ಡಿನ ಮೇಲೆ ಆ ಹೆಸರು ಹಾಕಿಸು. ಅರ್ಥ ಬೇಡ. ಹೆಸರು, ಅದರ ಮುಂದೆ ಇಸವಿ, ೨೦೨೦ರಿಂದ ೨೦೨೪. ಓದುವವರಲ್ಲಿ ಗೊತ್ತಿದ್ದವರಿಗೆ ಗೊತ್ತಾಗುತ್ತದೆ.

ಬ್ರೀಡ್ ನಿಮ್ಮಿಬ್ಬರಿಗೂ ನೆನಪು ಹೇಳಿದ್ದಾಳೆ. ಮೇವ್‌ಗೆಂದು ಒಂದು ಉಣ್ಣೆಯ ಶಾಲು ಹೆಣೆದಿದ್ದಾಳೆ, ಬೇರೆ ಕಳಿಸುತ್ತಾಳೆ. ನಿಮ್ಮ ಮನೆಯ ಬೆಂಕಿ ಆರದಿರಲಿ. ಮಗಳ ಆತ್ಮ ದೇವರ ಬಲಗಡೆ ಇರಲಿ. ನಿನಗೆ ನಿದ್ದೆ ಬರಲಿ ಡೋನಲ್. ಬೇಡಿಕೊಳ್ಳುವ ಹಕ್ಕು ನನಗಿದೆಯೋ ಇಲ್ಲವೋ, ದಿನಾ ಅದನ್ನು ಬೇಡಿಕೊಳ್ಳುತ್ತೇನೆ.

ನಿನ್ನ
ಫರ್ಗಸ್ ಟೂಹಿ

ತಾ. ಕ. ಇದರ ಜೊತೆ ಮಡಚಿ ಇಟ್ಟಿರುವ ಹಾಳೆಯನ್ನು ನೋಡು. ಆಸ್ಪತ್ರೆಯಿಂದ ರೋನನ್‌ಗೆ ಬಂದ ಕಾಗದ. ದಿನಾಂಕ ಏಪ್ರಿಲ್ ಹದಿನೈದು. ಹುಟ್ಟಿದಾಗಿನಿಂದ ಅವನ ಆಸ್ಪತ್ರೆ ಕಾಗದಗಳನ್ನೆಲ್ಲ ಒಡೆಯುತ್ತಿದ್ದವನು ನಾನು, ಅವನಿಗೆ ಇಪ್ಪತ್ತಾರಾದರೂ ಆ ಚಾಳಿ ಬಿಟ್ಟಿರಲಿಲ್ಲ. ಹದಿನೇಳು, ಬುಧವಾರ, ಸಂತೆಗೆ ಹೊರಟಾಗ ಬಾಗಿಲಲ್ಲೇ ನಿಂತು ಓದಿದೆ. ಮಾರ್ಚ್‌ನಲ್ಲಿ ಕೊಟ್ಟ ಕಫದಲ್ಲಿ ಸೆಪೇಶಿಯಾ ಇರುವ ಅನುಮಾನವಿದೆ, ಮತ್ತೊಮ್ಮೆ ಪರೀಕ್ಷಿಸಬೇಕು, ಅಲ್ಲಿಯವರೆಗೆ ಬೇರೆ ಸಿಎಫ್ ರೋಗಿಗಳ ಹತ್ತಿರ ಹೋಗಕೂಡದು ಎಂದಿತ್ತು. ಮೂರು ದಿನ ಬಿಟ್ಟರೆ ಶನಿವಾರ. ಅವನು ಹೊಸ ಅಂಗಿ ತಂದಿಟ್ಟುಕೊಂಡಿದ್ದ. ಅನುಮಾನ ತಾನೇ ಅಂದುಕೊಂಡೆ. ನರ್ಸಿಗೆ ಫೋನ್ ಮಾಡಿ ಅವನಿಗೆ ಹೇಳಿದ್ದೇನೆ ಎಂದೆ. ಇಪ್ಪತ್ತಾರು ವರ್ಷದಿಂದ ನನ್ನನ್ನು ಬಲ್ಲವಳು, ನಂಬಿದಳು. ಸೋಮವಾರ ಹೇಳೋಣ ಎಂದಿದ್ದೆ. ಸೋಮವಾರ ಹೇಳಲಿಲ್ಲ. ಜೂನ್‌ನಲ್ಲಿ ‘ಹಿಂದಿನ ಅನುಮಾನ ಖಚಿತವಾಗಿದೆ’ ಎಂದು ಬಂದಾಗ ಯಾವ ಅನುಮಾನ ಎಂದು ಅವನು ಕೇಳಿದ. ಡಾಕ್ಟರ ಭಾಷೆಯೇ ಹಾಗೆ ಎಂದೆ. ಆಗಲೂ ನಿನಗೆ ಒಂದು ಫೋನ್ ಮಾಡಬಹುದಿತ್ತು. ಮಾಡಲಿಲ್ಲ.

ನಿನ್ನ ಮಣ್ಣಲ್ಲ ಡೋನಲ್.

ನಿನ್ನೆ ಮಧ್ಯಾಹ್ನ ರೋನನ್‌ಗೆ ಹೇಳಿದೆ. ಎಲ್ಲ ಕೇಳಿಸಿಕೊಂಡು, “ಹಾಗಾದ್ರೆ ಇದು ಅವಳದಲ್ವಾ?” ಅಂದ. ಅಲ್ಲ ಅಂದೆ. ಬ್ಯಾಗು ತಗೊಂಡು ಬ್ರೀಡ್‌ಳ ತಂಗಿಯ ಮನೆಗೆ ಹೋಗಿದ್ದಾನೆ.

ಈ ಹಾಳೆಯನ್ನು ಡಾಕ್ಟರಿಗೆ ತೋರಿಸು, ಏಪ್ರಿಲ್ ಇಪ್ಪತ್ತರ ವಿಷಯವನ್ನೂ ನಮ್ಮ ಹೆಸರು ಸಮೇತ ಹೇಳು. ಇಬ್ಬರ ಕ್ರಿಮಿಯನ್ನೂ ಪಕ್ಕಪಕ್ಕ ಇಟ್ಟು ಒಂದೇ ಹೌದೋ ಅಲ್ಲವೋ ಎಂದು ಅವರು ನೋಡಬಲ್ಲರು. ನೋಡಲಿ. ನನ್ನ ಮಾತೊಂದನ್ನೇ ನಂಬಿ ಕೂರಬೇಡ. ಏಪ್ರಿಲ್‌ನಲ್ಲಿ ನೀನು ನಂಬಿದ್ದೆ.