ಹಿಂದಿನ ಸಾಲಿನ ಚಪ್ಪಾಳೆ

ಅಡಾಜಣ್, ಸೂರತ್
೧೮ ನವೆಂಬರ್ ೨೦೨೫

ರೀ,

ಫೋನ್ ಎತ್ತುತ್ತಿಲ್ಲ ನೀವು. ಎತ್ತಿದ್ದರೂ ನನಗೆ ಮಾತು ಹೊರಡುತ್ತಿರಲಿಲ್ಲ, ಬಿಡಿ. ಅದಕ್ಕೇ ಅಹಮದಾಬಾದಿನ ಬೋಪಾಲ್ ಬಡಾವಣೆಯ ನಮ್ಮ ಮನೆಗೆ ಈ ಕಾಗದ.

ವಡೋದರಾದ ರಾಜ್ಯೋತ್ಸವದಲ್ಲಿ ಈ ಸಲ ನಮ್ಮ ಮೂಕ ಹಾಸ್ಯದ ಆಟವಿಲ್ಲ, ಕನ್ನಡ ಸಂಘದವರು ಕೈಬಿಟ್ಟಿದ್ದಾರೆ ಎಂದು ನಾನು ಹೇಳಿದ್ದು ಸುಳ್ಳು. ಆಟ ಇತ್ತು. ನಿಮ್ಮ ಜಾಗಕ್ಕೆ ಇಲ್ಲಿ ನನ್ನ ಕೆಳಗಿನ ಮನೆಯ ಅಜಯ್‌ನನ್ನು ಹಾಕಿಕೊಂಡಿದ್ದೆ. ನನಗೆ ಸೂರತ್ತಿಗೆ ವರ್ಗವಾದ ಮೇಲೆ ಅಭ್ಯಾಸಕ್ಕೆ ನೀವು ದೂರವಾದಿರಿ ಎಂದು ನೆಪ ಹೇಳಿಕೊಂಡೆ.

ನಿಜ ಹೇಳಿಬಿಡುತ್ತೇನೆ. ಯುಗಾದಿಯ ಆಟದಲ್ಲಿ ಬಿದ್ದವರು ನೀವು ಏಳಲಿಲ್ಲ. ಮಂಡಿ ಹಿಡಿದುಕೊಂಡಿತ್ತು. ಅದೂ ಆಟವೇ ಅಂದುಕೊಂಡು ಜನ ಬಿದ್ದೂ ಬಿದ್ದೂ ನಕ್ಕರು. ನಾನು ಕೈ ಕೊಡದೆ ನಿಂತೆ ಕಣ್ರೀ. ನನ್ನ ಗಂಡ ಮುದುಕನಾದ ಅಂತ ನಾಚಿಕೆಯಾಯಿತು. ಹಳೆಯ ಮೂಕಿ ಕಿರುಚಿತ್ರಗಳ ದಪ್ಪ-ಸಣಕಲು ಜೋಡಿಗಳನ್ನು ನೋಡಿ ನೋಡಿ ಬೀಳಲು ಕಲಿತವರು ನೀವು. ಇಲ್ಲಿ ಹುಟ್ಟಿ ಕನ್ನಡ ಸರಿಯಾಗಿ ಬಾರದ ಮಕ್ಕಳೂ ನಗಲಿ, ಮಾತೇ ಬೇಡ ಅಂದವರೂ ನೀವೇ. ಥೂ, ನನ್ನ ಬುದ್ಧಿಗಿಷ್ಟು ಬೆಂಕಿ ಬೀಳ!

ಭಾನುವಾರ ಏನಾಯಿತು ಗೊತ್ತಲ್ಲ. ನಾನು ಕೆನ್ನೆಗೆ ಬಾರಿಸುವಂತೆ ಕೈ ಬೀಸಬೇಕು, ಏಟು ತಿನ್ನುವವರು ಯಾರಿಗೂ ಕಾಣದಂತೆ ಚಪ್ಪಾಳೆ ತಟ್ಟಿ ಸದ್ದು ಕೊಡಬೇಕು. ಅಜಯ್ ಗಾಬರಿಯಲ್ಲಿ ತಟ್ಟುವುದನ್ನೇ ಮರೆತ. ಮೊದಲ ಏಟು ಸದ್ದಿಲ್ಲದೆ ಗಾಳಿಗೆ ಹೋಯಿತು. ಒಬ್ಬರೂ ನಗಲಿಲ್ಲ. ಇನ್ನೊಮ್ಮೆ ಬೀಸಿದೆ. ಹಿಂದಿನ ಸಾಲಿನಿಂದ ಫಟ್ ಅಂತ ಬಂತು! ಆಮೇಲಿನ ಪ್ರತಿ ಏಟಿಗೂ ಬಂತು. ಸಭೆ ಗೊಳ್ಳೆಂದಿತು. ನನ್ನ ಕೈ ಯಾವಾಗ ಬೀಸುತ್ತದೆಂದು ಬಲ್ಲವರು ನಿಮ್ಮನ್ನು ಬಿಟ್ಟು ಇನ್ನಾರು? ದೀಪ ಹಾಕಿದಾಗ ಹಿಂದಿನ ಸಾಲಿನಲ್ಲೊಂದು ಕುರ್ಚಿ ಖಾಲಿಯಿತ್ತು. ಕಾರ್ಯಕ್ರಮದ ಪಟ್ಟಿ ಬರುವ ಸಂಘದ ವಾಟ್ಸಾಪ್ ಗುಂಪಿನಲ್ಲಿ ನೀವೂ ಇದ್ದೀರಿ ಅನ್ನುವುದು ಸುಳ್ಳು ಹೇಳುವಾಗ ನನಗೆ ನೆನಪಾಗಲಿಲ್ಲ.

ಸಂಕ್ರಾಂತಿಗೆ ಸೂರತ್ತಿನಲ್ಲಿ ಆಟವಿದೆ. ಈ ಸಲ ಹೊಡೆಯುವವರು ನೀವು, ಬೀಳುವವಳು ನಾನು. ಕುರ್ಚಿಯಲ್ಲಿ ಕೂತೇ ಹೊಡೆಯಿರಿ. ಬರುತ್ತೀರಾ?

ನಿಮ್ಮವಳು ಎನ್ನಲು ನೀವಿನ್ನೂ ಬಿಟ್ಟರೆ, ನಿಮ್ಮ
ಸುಮತಿ

ತಾ.ಕ.: ಅವತ್ತು ಚಪ್ಪಾಳೆ ಯಾರದೆಂದು ಸಂಘದ ಕಾರ್ಯದರ್ಶಿ ರತ್ನಮ್ಮ ಕೇಳಿದಾಗ ಯಾರೋ ಹುಡುಗರಿರಬೇಕು ಅಂದುಬಿಟ್ಟೆ. ಅಲ್ಲೂ ನಿಮ್ಮ ಹೆಸರು ಹೇಳಲಿಲ್ಲ. ಇವತ್ತು ಫೋನ್ ಮಾಡಿ, ಅದು ನಮ್ಮ ಯಜಮಾನರದು ಎಂದೆ. ಗೊತ್ತು ಕಣೇ, ನೀನೇನನ್ನುತ್ತೀಯೆಂದು ನೋಡಲು ಕೇಳಿದೆ, ಅವರನ್ನು ಕೈಹಿಡಿದು ಕರೆತಂದು ಕೂರಿಸಿದವಳೇ ನಾನು ಅಂದರು. ಅವಳಿಗೆ ಹೇಳಬೇಡಿ, ಗಾಬರಿಯಾದರೆ ಆಟ ಕೆಡುತ್ತೆ ಅಂದಿದ್ದಿರಂತೆ ನೀವು.